ರಾಗಿ ಗಂಜಿಯ ಶಿಕ್ಷೆ

ಪಕ್ಕದ ಮನೆಯ ಜಗಳಕ್ಕೆ ಕಿವಿಗೊಡುವ ಚಪಲ ಅನಾದಿಯಾದುದಾದರೂ, ಆ ಜಗಳಕ್ಕೆ ಜಾಹೀರಾತುದಾರರನ್ನು ಒದಗಿಸಿಕೊಟ್ಟ ಕೀರ್ತಿಯಲ್ಲಿ ದೊಡ್ಡ ಪಾಲು ನೆದರ್‌ಲೆಂಡ್ಸಿನ ಜಾನ್ ಡಿ ಮೋಲ್ ಅವರಿಗೆ ಸಲ್ಲಬೇಕು. ಸ್ಪರ್ಧಿಗಳನ್ನು ಒಂದೇ ಮನೆಯಲ್ಲಿಟ್ಟು ಹಗಲಿರುಳು ಚಿತ್ರೀಕರಿಸುವ ಅವರ ಟಿವಿ ಕಾರ್ಯಕ್ರಮ ‘ಬಿಗ್ ಬ್ರದರ್’ 1999ರಲ್ಲಿ ಆರಂಭವಾಯಿತು; ಆ ಹೆಸರು ಜಾರ್ಜ್ ಆರ್ವೆಲ್ 1949ರ ಕಾದಂಬರಿಯಲ್ಲಿ ಪ್ರಜೆಗಳ ಮೇಲೆ ಸದಾ ಕಣ್ಣಿಡುವ ಸರ್ವಾಧಿಕಾರಿಗೆ ಇಟ್ಟದ್ದು. ಓದಿದವರು ಬೆಚ್ಚಲೆಂದು ಬರೆದ ಬಾಳಿಗೆ ಜನ ತಾವಾಗಿಯೇ ಮುಗಿಬೀಳುವುದನ್ನು ಕಾಣುವ ಯೋಗ, 1950ರಲ್ಲೇ ತೀರಿಕೊಂಡ ಆರ್ವೆಲ್‌ರಿಗೆ ಇರಲಿಲ್ಲ.

ಅದೇ ಮಾದರಿಯಲ್ಲಿ 2013ರಲ್ಲಿ ಕನ್ನಡಕ್ಕೆ ಬಂದ ‘ಬಿಗ್ ಬಾಸ್’ ಮನೆಯಲ್ಲಿ ಫೋನಿಲ್ಲ, ಪತ್ರಿಕೆಯಿಲ್ಲ. ಹೀಗಾಗಿ ಅಡುಗೆಮನೆಯ ಈರುಳ್ಳಿಯೂ ರಾಷ್ಟ್ರೀಯ ಸಮಸ್ಯೆಯ ಗಾತ್ರಕ್ಕೆ ಬೆಳೆಯುತ್ತದೆ. ವಾರಕ್ಕೊಮ್ಮೆ ಸ್ಪರ್ಧಿಗಳು ತಮ್ಮಲ್ಲೊಬ್ಬರನ್ನು ‘ಕಳಪೆ’ ಎಂದು ಆರಿಸಿ, ಕಾರಣವನ್ನು ಮುಖಕ್ಕೇ ಹೇಳಿ, ಮನೆಯ ಜೈಲಿಗೆ ಕಳುಹಿಸುವುದುಂಟು. ಅಲ್ಲಿ ಸಿಗುವುದು ರಾಗಿ ಗಂಜಿ. ಸಕ್ಕರೆ ಕಾಯಿಲೆಯ ದೆಸೆಯಿಂದ ವೈದ್ಯರ ಅಪ್ಪಣೆಯಂತೆ ದಿನವೂ ಅದನ್ನೇ ಕುಡಿಯುವ ಹಿರಿಯರು, ಟಿವಿ ಮುಂದೆ, ಲೋಟ ಕೈಯಲ್ಲಿರುವಾಗಲೇ “ಅಯ್ಯೋ ಪಾಪ, ಗಂಜಿ ಕುಡಿಸ್ತಿದಾರೆ” ಎಂದು ಮರುಗಿ, ಮರುಗಳಿಗೆಯಲ್ಲೇ “ಆಗ್ಲಿ ಬಿಡು, ಕೊಬ್ಬಿತ್ತು” ಎಂದು ತೀರ್ಪು ಕೊಡುತ್ತಾರೆ. ಕನಿಕರ, ನ್ಯಾಯದಾನ ಎರಡೂ ಕೂತಲ್ಲಿಗೇ ಬರುವ ಈ ಅನುಕೂಲವೇ ಕಾರ್ಯಕ್ರಮದ ನಿಜವಾದ ಸೆಳೆತವಿರಬೇಕು. ವಾರಾಂತ್ಯದಲ್ಲಿ ನಿರೂಪಕ ಸುದೀಪ್ ಸ್ಪರ್ಧಿಗಳನ್ನು ತರಾಟೆಗೆ ತೆಗೆದುಕೊಂಡಾಗ ತಮ್ಮ ತೀರ್ಪಿಗೆ ಮುದ್ರೆ ಬಿದ್ದಂತೆ ನೋಡುತ್ತ ಕೂತ ಮನೆಮಂದಿ ಬೀಗುತ್ತಾರೆ.

ನೈತಿಕತೆಯ ಪ್ರಶ್ನೆ ತೊಡಕಾಗುವುದು ಎಡಿಟಿಂಗ್‌ನಲ್ಲಿ, ಅಂದರೆ ಇಡೀ ದಿನದ ಚಿತ್ರೀಕರಣವನ್ನು ಒಂದೋ ಒಂದೂವರೆಯೋ ಗಂಟೆಗೆ ಕತ್ತರಿಸಿ ಜೋಡಿಸುವ ಕೆಲಸದಲ್ಲಿ: ಬೆಳಗಿನ ಮಾತಿನ ಪಕ್ಕ ಸಂಜೆಯ ಹುಬ್ಬುಗಂಟು ಇಟ್ಟರೆ ಸಾಕು, ಖಳನೊಬ್ಬ ಸಿದ್ಧ. ಸ್ಪರ್ಧಿಗಳು ಒಪ್ಪಂದಕ್ಕೆ ಸಹಿ ಹಾಕಿಯೇ ಒಳಹೋಗುತ್ತಾರೆ, ನಿಜ, ಆದರೆ ಆ ಸಹಿ ಹಾಕದ ಅವರ ತಾಯಿಗೆ ಮದುವೆಮನೆಯಲ್ಲಿ “ನಿಮ್ಮ ಮಗ ಹಂಗಾ?” ಎಂಬ ಪ್ರಶ್ನೆ ತಪ್ಪುವುದಿಲ್ಲ.

“ಥೂ, ಇದೂ ಒಂದು ಪ್ರೋಗ್ರಾಮಾ!” ಎನ್ನುವ ವೀಕ್ಷಕರೂ ಕಡಿಮೆಯಿಲ್ಲ; ಅವರು ಒಂದು ಸಂಚಿಕೆಯನ್ನೂ ತಪ್ಪಿಸುವುದಿಲ್ಲ. ಟಿಆರ್‌ಪಿಯೆಂಬುದು ಆಯ್ದ ಕೆಲವು ಮನೆಗಳ ಟಿವಿಗೆ ಮೀಟರ್ ಜೋಡಿಸಿ, ಯಾವ ಚಾನೆಲ್ ಎಷ್ಟು ಹೊತ್ತು ಓಡಿತೆಂದು ಅಳೆಯುವ ಲೆಕ್ಕವಾದ್ದರಿಂದ, ಅದರಲ್ಲಿ ಬೈಗುಳವೂ ಮೆಚ್ಚುಗೆಯೂ ಒಂದೇ ತೂಕ. ಮೀಟರೇ ಇಲ್ಲದ ಮನೆಗಳವರಂತೂ, ತಮ್ಮ ಬೈಗುಳ ಬಿಗ್ ಬಾಸ್‌ಗೆ ತಲುಪುತ್ತಿದೆಯೆಂಬ ಭರವಸೆಯಿಂದ, ಟಿವಿಯ ದನಿಯನ್ನೂ ಮೀರಿಸಿ ಬೈಯುತ್ತಿರುತ್ತಾರೆ.