ಖಾಲಿ ಬಸ್ಸಿನ ಪರೀಕ್ಷೆ

ಬಸ್ಸು ಓಡಿಸಬೇಕೆಂದು ಹೊರಟವನು ಮೊದಲು ವೈದ್ಯರ ಮುಂದೆ ನಿಲ್ಲಬೇಕು. ಅದಕ್ಕೆಂದೇ ನಮೂನೆ 1-ಎ ಎಂಬ ಕಾಗದವಿದೆ. ಅದರಲ್ಲಿ ವೈದ್ಯರಿಗೆ ಕೇಳಿರುವ ಪ್ರಶ್ನೆಗಳನ್ನು ಒಮ್ಮೆ ಓದಿ ನೋಡಬೇಕು. ಈತ ಒಳ್ಳೆಯ ಹಗಲು ಬೆಳಕಿನಲ್ಲಿ 25 ಮೀಟರ್ ದೂರದಿಂದ ಕಾರಿನ ನಂಬರ್ ಪ್ಲೇಟು ಗುರುತಿಸಬಲ್ಲನೆ? ಕೆಂಪು ಯಾವುದು, ಹಸಿರು ಯಾವುದು ಎಂದು ತಿಳಿಯುತ್ತದೆಯೆ? ಇರುಳುಗಣ್ಣು ಉಂಟೆ? ಹಾರನ್ನು ಕೇಳಿಸದಷ್ಟು ಕಿವುಡೆ? ಮೂರ್ಛೆ, ತಲೆಸುತ್ತು ಏನಾದರೂ? ಈ ಕಾಗದವನ್ನು ಕಂಡಂದಿನಿಂದ ನನಗೊಂದು ಅನುಮಾನ. 25 ಮೀಟರ್ ಆಚೆಯ ನಂಬರ್ ಪ್ಲೇಟು ಓದುವ ಕಣ್ಣಿಗೆ, ಸ್ಟಾಪಿನಲ್ಲೇ ಛತ್ರಿ ಬೀಸುತ್ತ ನಿಂತ ನಾನು, ನನ್ನ ಹೆಂಡತಿ, ಎರಡು ಕೈಚೀಲ ಮತ್ತು ಒಂದು ಇಡೀ ಹಲಸಿನ ಹಣ್ಣು ಯಾಕೆ ಕಾಣುವುದಿಲ್ಲ? ನಮೂನೆಯಲ್ಲಿ ಇದಕ್ಕೊಂದು ಕಾಲಂ ಇಲ್ಲ.

ಸರ್ಕಾರಿ ಬಸ್ಸಿನ ಸ್ಟೇರಿಂಗ್ ಹಿಡಿದೇ ನಿವೃತ್ತರಾದವರೊಬ್ಬರು ನಮ್ಮ ಬೀದಿಯಲ್ಲಿದ್ದಾರೆ. ಮಕ್ಕಳಿಂದ ಹಿಡಿದು ಮುದುಕರವರೆಗೆ ಎಲ್ಲರಿಗೂ ಅವರು ಡ್ರೈವರಣ್ಣ. ನನ್ನ ಅನುಮಾನವನ್ನು ಅವರ ಮುಂದಿಟ್ಟೆ.

“ಕಾಣುತ್ತೆ ಸಾರ್, ಚೆನ್ನಾಗೇ ಕಾಣುತ್ತೆ. ಒಳಗೆ ಆಗ್ಲೇ ಕಾಲಿಡಕ್ಕೆ ಜಾಗ ಇಲ್ಲ, ಹಿಂದೆ ಇನ್ನೊಂದು ಬಸ್ಸು ಖಾಲಿ ಬರ್ತಾ ಇದೆ. ಅದು ನಮಗೆ ಗೊತ್ತು, ನಿಮಗೆ ಗೊತ್ತಿರಲ್ಲ, ಅಷ್ಟೆ.”

“ಹಿಂದೆ ಯಾವ ಬಸ್ಸೂ ಬರಲಿಲ್ಲವಲ್ಲ ಡ್ರೈವರಣ್ಣ?”

“ಅವತ್ತು ಕ್ಯಾನ್ಸಲ್ ಆಗಿರ್ಬೇಕು” ಎಂದು ಅವರು ಎಲೆಯಡಿಕೆ ತಟ್ಟೆಯನ್ನು ನನ್ನ ಕಡೆ ಸರಿಸಿದರು. ಆ ವಿಷಯ ಅಲ್ಲಿಗೆ ಮುಗಿಯಿತು.

ಈ ಕಾಗದಪತ್ರಗಳೆಲ್ಲ ನನ್ನ ಕಣ್ಣಿಗೆ ಬಿದ್ದದ್ದು ಅವರ ಮಗನಿಂದ. ಹುಡುಗ ಈಗ ‘ಹೆವಿ ಮಾಡಿಸುತ್ತಿದ್ದಾನೆ’. ಕಾರು ಓಡಿಸಲು 18 ವರ್ಷ ಸಾಕು, ಬಾಡಿಗೆಗೆ ಜನರನ್ನೋ ಸರಕನ್ನೋ ಸಾಗಿಸುವ ದೊಡ್ಡ ಗಾಡಿಗೆ 20 ತುಂಬಿರಬೇಕು. ಅದಕ್ಕೂ ಮೊದಲು ಲಘು ವಾಹನದ ಲೈಸೆನ್ಸ್ ಕೈಗೆ ಬಂದು ಒಂದು ವರ್ಷವಾದರೂ ಆಗಿರಬೇಕು. 1988ರ ಮೋಟಾರು ವಾಹನ ಕಾಯ್ದೆಯ ಲೆಕ್ಕಾಚಾರ ನನಗೆ ಅರ್ಥವಾದದ್ದು ಹೀಗೆ: ಮೊದಲ ವರ್ಷ ನಿನ್ನ ಮನೆಯವರನ್ನು ಕೂರಿಸಿಕೊಂಡು ಅಭ್ಯಾಸ ಮಾಡು, ಅವರು ಉಳಿದರೆ ಊರವರ ವಿಚಾರ ನೋಡೋಣ.

ಆಮೇಲೆ ಡ್ರೈವಿಂಗ್ ಸ್ಕೂಲು. ದೊಡ್ಡ ಗಾಡಿಗೆ ಕಡಿಮೆಯೆಂದರೆ 30 ದಿನದ ತರಬೇತಿ, ಅದರಲ್ಲಿ ಸ್ಟೇರಿಂಗ್ ಹಿಡಿದು ನಿಜಕ್ಕೂ ಓಡಿಸಿದ್ದು 15 ಗಂಟೆಗೆ ಕಮ್ಮಿ ಇರಬಾರದೆಂದು ನಿಯಮ. ದಿನಕ್ಕೆ ಅರ್ಧ ಗಂಟೆ ಆಯಿತು. “ಅರ್ಧ ಗಂಟೆಯಲ್ಲಿ ನಾವು ಗಾಜು ಒರೆಸಿ ಮುಗಿಸ್ತಿರ್ಲಿಲ್ಲ” ಎಂದು ಡ್ರೈವರಣ್ಣ ನಕ್ಕರು. ಅವರ ಕಾಲದಲ್ಲಿ ಡ್ರೈವರಾಗುವ ದಾರಿ ಬೇರೆಯೇ ಇತ್ತು. ಮೊದಲು ಖಾಸಗಿ ಬಸ್ಸಿಗೋ ಲಾರಿಗೋ ಕ್ಲೀನರ್ ಆಗಬೇಕು. ಬೆಳಗಿನ ಜಾವ ಎದ್ದು ರೇಡಿಯೇಟರಿಗೆ ನೀರು ಹೊಯ್ಯಬೇಕು, ರಾಡಿನಿಂದ ಟೈರು ಬಡಿದು ಸದ್ದಿನಲ್ಲೇ ಗಾಳಿ ಎಷ್ಟಿದೆ ಎಂದು ಹೇಳಬೇಕು, ಟಾಪಿಗೆ ಬಾಳೆಗೊನೆ ಏರಿಸಬೇಕು, ಗಾಡಿ ಹಿಂದೆ ಬರುವಾಗ ಇಳಿದು ನಿಂತು ‘ಬರ್ಲಿ, ಬರ್ಲಿ’ ಎನ್ನಬೇಕು. ಡ್ರೈವರನಿಗೆ ಬೀಡಿ, ಟೀ ಹೊಂದಿಸಬೇಕು. ಇಷ್ಟೆಲ್ಲ ಮಾಡಿದ ಮೇಲೆ, ಯಾವಾಗಲೋ ಒಂದು ದಿನ, ಯಾರೂ ಇಲ್ಲದ ಮೈದಾನದಲ್ಲಿ, ಗುರು ಮನಸ್ಸು ಬಂದು ಸೀಟಿನಿಂದ ಸರಿದು ಕೂತರೆ ಅದೇ ಮೊದಲ ಪಾಠ. ಇನ್ನೂ ಹಿಂದೆ, ಎರಡನೇ ಮಹಾಯುದ್ಧದ ದಿನಗಳಲ್ಲಿ ಪೆಟ್ರೋಲಿಗೆ ಬರ ಬಂದಿತ್ತು. ಬಸ್ಸುಗಳು ಬೆನ್ನಿಗೆ ಒಲೆ ಕಟ್ಟಿಕೊಂಡು ಇದ್ದಿಲ ಗ್ಯಾಸಿನಲ್ಲಿ ಓಡುತ್ತಿದ್ದವು. ಆ ಒಲೆಗೆ ಗಾಳಿ ತಿರುಗಿಸಿ ತಿರುಗಿಸಿ ತೋಳು ಸೋತ ಹುಡುಗರೇ ಮುಂದೆ ಸ್ಟೇರಿಂಗ್ ಹಿಡಿದರು. ಅವರಿಗೆ ಎಂಜಿನ್ನಿನ ಕೆಮ್ಮು ಕೇಳಿದರೆ ಸಾಕು, ಕಾಯಿಲೆ ಯಾವುದೆಂದು ತಿಳಿಯುತ್ತಿತ್ತು.

ಈಗಿನ ಹುಡುಗ ಕಲಿಯುತ್ತಿರುವುದು ಒಂದು ಹಳೆಯ ಲಾರಿಯಲ್ಲಿ. ಅದರ ವಯಸ್ಸು ಅವನದಕ್ಕಿಂತ ಹೆಚ್ಚು. “ಬಸ್ಸು ಓಡಿಸುವವನಿಗೆ ಲಾರಿ ಯಾಕಪ್ಪಾ?” ಎಂದೆ. “ಎರಡೂ ಒಂದೇ ಅಂಕಲ್” ಎಂದ. ಕಾಯ್ದೆಯ ಪುಸ್ತಕ ತೆಗೆದು ನೋಡಿದರೆ ಅವನ ಮಾತು ನಿಜ. ಮೊದಲು ಕಾಯ್ದೆಯಲ್ಲಿ ಮಧ್ಯಮ ಸರಕು ವಾಹನ, ಮಧ್ಯಮ ಪ್ರಯಾಣಿಕ ವಾಹನ, ಭಾರಿ ಸರಕು, ಭಾರಿ ಪ್ರಯಾಣಿಕ ಎಂದು ನಾಲ್ಕು ಜಾತಿಗಳಿದ್ದವು. 1994ರಲ್ಲಿ ತಿದ್ದುಪಡಿ ಮಾಡಿ ನಾಲ್ಕನ್ನೂ ಸೇರಿಸಿ ‘ಸಾರಿಗೆ ವಾಹನ’ ಎಂಬ ಒಂದೇ ಜಾತಿ ಮಾಡಿದರು. ಅಂದರೆ ಲೈಸೆನ್ಸಿನ ಮಟ್ಟಿಗೆ ಈರುಳ್ಳಿ ಮೂಟೆಗೂ ನನಗೂ ಭೇದವಿಲ್ಲ. ಜಾತಿ ಅಳಿದದ್ದಕ್ಕೆ ಸಂತೋಷಪಡಬೇಕೋ ಬೇಡವೋ ತಿಳಿಯದೆ ಡ್ರೈವರಣ್ಣನನ್ನು ಕೇಳಿದೆ.

“ಮೂಟೆ ಎಷ್ಟೋ ವಾಸಿ ಸಾರ್. ಅದು ವಾಂತಿ ಮಾಡಲ್ಲ, ‘ಓವರ್‌ಟೇಕ್ ಹೊಡಿ’ ಅನ್ನಲ್ಲ.”

ಮೂಟೆಗೂ ಮನುಷ್ಯನಿಗೂ ವ್ಯತ್ಯಾಸ ಉಂಟೆಂದು ಕೊನೆಗೆ ಒಪ್ಪಿಕೊಳ್ಳುವುದು ಒಂದು ಸಣ್ಣ ಬಿಲ್ಲೆ. ಖಾಕಿ ಅಂಗಿಯ ಎದೆಯ ಮೇಲೆ ಚುಚ್ಚಿಕೊಳ್ಳುವ ಬ್ಯಾಡ್ಜು. ಜನರನ್ನು ಕೂರಿಸಿಕೊಂಡು ಹೋಗುವವನಿಗೆ ಲೈಸೆನ್ಸಿನ ಜೊತೆಗೆ ಇದೂ ಬೇಕು. ಡ್ರೈವರಣ್ಣ ತಮ್ಮದನ್ನು ಇನ್ನೂ ಹುಣಸೆಹಣ್ಣಿನಲ್ಲಿ ತಿಕ್ಕಿ ಇಟ್ಟಿದ್ದಾರೆ. ಲಘು ವಾಹನದ ಲೈಸೆನ್ಸ್ ಇದ್ದವರು 7,500 ಕಿಲೋ ಮೀರದ ಸಾರಿಗೆ ವಾಹನವನ್ನು ಓಡಿಸಬಹುದೆಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 2024ರ ನವೆಂಬರಿನಲ್ಲಿ ಹೇಳಿತಲ್ಲ, ಆ ತೀರ್ಪಿನಿಂದ ಆಟೋ, ಟ್ಯಾಕ್ಸಿಯವರಿಗೆ ಉಸಿರು ಬಂತು. ದೊಡ್ಡ ಬಸ್ಸಿನವನಿಗೆ ಅದರಿಂದ ಏನೂ ಲಾಭವಿಲ್ಲ. ಅವನು ಹೆವಿ ಮಾಡಿಸಲೇಬೇಕು, ಮಾಡಿಸಿದ್ದನ್ನು ಆಗಾಗ ನವೀಕರಿಸುತ್ತಲೂ ಇರಬೇಕು. ಮೊದಲು 3 ವರ್ಷಕ್ಕೊಮ್ಮೆ ಇತ್ತು, 2019ರ ತಿದ್ದುಪಡಿಯ ಮೇಲೆ 5 ವರ್ಷಕ್ಕೊಮ್ಮೆ. ಪ್ರತಿ ಸಲವೂ ಮತ್ತೆ ವೈದ್ಯರು, ಮತ್ತೆ ಕಣ್ಣು ಕಿವಿ. ನಮ್ಮಲ್ಲಿ ಎಷ್ಟೋ ನೌಕರಿಗಳಲ್ಲಿ ಒಮ್ಮೆ ಒಳಗೆ ಸೇರಿದವನ ಕಣ್ಣು ಕಿವಿಗಳ ಗತಿ ಏನೆಂದು ಯಾರೂ ಮತ್ತೆ ಕೇಳುವುದಿಲ್ಲ. ಇರಲಿ.

ಪರೀಕ್ಷೆಯ ದಿನ ಬಂತು. ಆರ್‌ಟಿಒ ಕಚೇರಿಯಿಂದ ಬರುವ ಇನ್‌ಸ್ಪೆಕ್ಟರನ್ನು ನಮ್ಮ ಕಡೆ ಇವತ್ತಿಗೂ ‘ಬ್ರೇಕ್ ಇನ್‌ಸ್ಪೆಕ್ಟರು’ ಎಂದೇ ಕರೆಯುತ್ತಾರೆ. ಹಿಂದಿನ ರಾತ್ರಿ ಅಪ್ಪ ಮಗನನ್ನು ಅಡಿಗೆಮನೆಯ ಮಣೆಯ ಮೇಲೆ ಕೂರಿಸಿ, ಊಟದ ತಟ್ಟೆಯನ್ನೇ ಸ್ಟೇರಿಂಗ್ ಮಾಡಿ ಪಾಠ ಹೇಳಿದರು. ನಾನೂ ಪಕ್ಕದಲ್ಲಿ ಕೂತು ಕೇಳಿದೆ. ಬಸ್ಸಿನಲ್ಲಿ ಮುಂದಿನ ಚಕ್ರ ಇರುವುದು ಡ್ರೈವರನ ಕಾಲಿನ ಹಿಂದೆ. ಹಾಗಾಗಿ ತಿರುವಿನಲ್ಲಿ ತನ್ನ ಮೈ ಪೂರ್ತಿ ಮುಂದೆ ಹೋಗಿ, ಇನ್ನೇನು ಎದುರಿನ ಬೇಲಿಗೆ ನುಗ್ಗಿದೆ ಅನ್ನಿಸಿದ ಮೇಲೆ ಸ್ಟೇರಿಂಗ್ ಎಳೆಯಬೇಕು. ಮುಂಭಾಗ ಬಲಕ್ಕೆ ಹೊರಳಿದರೆ ಹಿಂಭಾಗದ ಮೂಲೆ ಎಡಕ್ಕೆ ಬೀಸುತ್ತದೆ, ಅಲ್ಲಿ ನಿಂತ ಸೈಕಲ್ಲು ನೋಡಿಕೊಳ್ಳಬೇಕು. ಘಟ್ಟವನ್ನು ಯಾವ ಗೇರಿನಲ್ಲಿ ಹತ್ತುತ್ತೀಯೋ ಅದೇ ಗೇರಿನಲ್ಲಿ ಇಳಿಯಬೇಕು. ಬರೀ ಬ್ರೇಕನ್ನೇ ನಂಬಿದರೆ ಅದು ಕಾದು ಕೈಕೊಡುತ್ತದೆ. ಇಕ್ಕಟ್ಟಿನಲ್ಲಿ ಇಳಿಯುವವನು ಏರುವವನಿಗೆ ದಾರಿ ಬಿಡಬೇಕು. ಇದು ಕಾನೂನೂ ಹೌದು, ಧರ್ಮವೂ ಹೌದು. ಆಗುಂಬೆಯ 14 ತಿರುವುಗಳನ್ನು ನಾನು ಎಷ್ಟೋ ಸಲ ಕಿಟಕಿಗೆ ತಲೆ ಕೊಟ್ಟು ನಿದ್ದೆಯಲ್ಲೇ ದಾಟಿದ್ದೇನೆ. ಮುಂದೆ ಕೂತಿದ್ದವನು ಇಷ್ಟೆಲ್ಲ ಲೆಕ್ಕ ಹಾಕುತ್ತಿದ್ದನೆಂದು ತಿಳಿದಿದ್ದರೆ ನಿದ್ದೆ ಬರುತ್ತಿತ್ತೋ ಇಲ್ಲವೋ.

ಹುಡುಗ ಪಾಸಾಗಿ ಬಂದ. ಮುಂದಕ್ಕೆ ಓಡಿಸು ಅಂದರು, ಓಡಿಸಿದೆ. ಹಿಂದಕ್ಕೆ ತೆಗೆದು ಆ ಸಂದಿಯಲ್ಲಿ ನಿಲ್ಲಿಸು ಅಂದರು, ನಿಲ್ಲಿಸಿದೆ. ಏರಿನಲ್ಲಿ ನಿಲ್ಲಿಸಿ ಹಿಂದೆ ಜಾರದಂತೆ ಎತ್ತು ಅಂದರು, ಎತ್ತಿದೆ ಎಂದ. ಇನ್‌ಸ್ಪೆಕ್ಟರು ಬೇರೆ ಏನೂ ಮಾತಾಡಲಿಲ್ಲವಂತೆ. ಮನೆಯಲ್ಲಿ ಕೇಸರಿಬಾತು ಆಯಿತು. ಡ್ರೈವರಣ್ಣ ಮಾತ್ರ ಒಂದು ಚಮಚ ತಿಂದು, “ಗಾಡಿ ಖಾಲಿ ಇತ್ತಲ್ಲ” ಎಂದರು.

ಆ ಮಾತು ನನ್ನ ತಲೆಯೊಳಗೆ ಕೂತುಬಿಟ್ಟಿತು. ನಿಜವೇ. ವೈದ್ಯರ ಕಾಗದ, 15 ಗಂಟೆ, ಬ್ರೇಕ್ ಇನ್‌ಸ್ಪೆಕ್ಟರು ಎಲ್ಲವೂ ಮನುಷ್ಯರಿಲ್ಲದ ಗಾಡಿಗೆ ಸಂಬಂಧಿಸಿದ್ದು. ನೌಕರಿ ಮಾತ್ರ ತುಂಬಿದ ಬಸ್ಸಿನದು. ಎಂಜಿನ್ನಿನ ಪಕ್ಕದ ಬಿಸಿ ಸೀಟಿನಲ್ಲಿ ಕೂರುವ ಮಹಾನುಭಾವರನ್ನು ನೀವೂ ನೋಡಿರುತ್ತೀರಿ. ಜೀವಮಾನದಲ್ಲಿ ಎತ್ತಿನಗಾಡಿಯನ್ನೂ ಹೊಡೆಯದವರು ಅಲ್ಲಿ ಕೂತ ಐದೇ ನಿಮಿಷಕ್ಕೆ ಡ್ರೈವರನಿಗೆ ಗುರುವಾಗುತ್ತಾರೆ. ‘ಲೆಫ್ಟ್ ಕ್ಲಿಯರ್ ಇದೆ, ಬಿಡಿ ಬಿಡಿ’ ಎನ್ನುತ್ತಾರೆ. ಅವರ ಹಿಂದಿನ ಸೀಟಿನ ಅಜ್ಜಿಗೆ ಸ್ಟಾಪಿನಲ್ಲಿ ಇಳಿಯುವುದು ಒಗ್ಗುವುದಿಲ್ಲ, ತನ್ನ ಮನೆಯ ಗೇಟಿಗೇ ಬಾಗಿಲು ಬರಬೇಕು. ಫುಟ್‌ಬೋರ್ಡಿನಲ್ಲಿ ಕಾಲೇಜು ಹುಡುಗರು ಒಂದೇ ಕಾಲಿನಲ್ಲಿ ನಿಂತಿದ್ದಾರೆ. ಮೇಲೆ ಬನ್ನಿ ಎಂದರೆ ‘ಜಾಗ ಇಲ್ಲ’ ಎನ್ನುತ್ತಾರೆ, ಜಾಗ ಮಾಡಿಕೊಟ್ಟರೆ ‘ಸೆಖೆ’ ಎನ್ನುತ್ತಾರೆ. 2023ರ ಜೂನ್ 11ರಂದು ಶಕ್ತಿ ಯೋಜನೆ ಬಂದ ಮೇಲೆ ಹೆಂಗಸರಿಗೆ ಟಿಕೆಟ್ಟಿನ ಚಿಂತೆ ತಪ್ಪಿತು, ಧರ್ಮಸ್ಥಳಕ್ಕೂ ತವರಿಗೂ ಹೋಗಿಬರುವುದು ಹೆಚ್ಚಿತು. ಒಳ್ಳೆಯದೇ. ಹತ್ತಿ ಇಳಿಯುವವರು ಹೆಚ್ಚಿದಷ್ಟೂ ಡ್ರೈವರನ ಕಣ್ಣು ಎಡಗಡೆ ಕನ್ನಡಿಗೆ ಅಂಟಿರಬೇಕು. ಕೊನೆಯ ಸೆರಗು ಒಳಗೆ ಬಂತೋ ಇಲ್ಲವೋ ನೋಡದೆ ಗೇರು ಹಾಕುವಂತಿಲ್ಲ. ಇಷ್ಟರ ನಡುವೆ ಎದುರಿನ ಬೈಕಿನವನು ಬೈಯುತ್ತಾನೆ. ತಿರುಗಿ ಬೈಯಬಾರದು. ಬೈದರೂ ಕಾಲಿನಿಂದ ಬೈಯಬಾರದು, ಎನ್ನುತ್ತಾರೆ ಡ್ರೈವರಣ್ಣ. ಸಿಟ್ಟು ಆಕ್ಸಿಲೇಟರಿಗೆ ಇಳಿಯಬಾರದು ಎಂದು ಅದರ ಅರ್ಥ. ಸಿಟ್ಟನ್ನು ಸೊಂಟದ ಮೇಲೆಯೇ ಇಟ್ಟುಕೊಳ್ಳುವ ಈ ವಿದ್ಯೆಗೆ ಯಾವ ಆರ್‌ಟಿಒ ಪರೀಕ್ಷೆ ಮಾಡುತ್ತದೆ?

ನಿಗಮಗಳವರು ಸ್ವಲ್ಪ ಮಟ್ಟಿಗೆ ಪ್ರಯತ್ನಪಟ್ಟಿದ್ದಾರೆನ್ನಬೇಕು. ಕೆಎಸ್‌ಆರ್‌ಟಿಸಿ ಚಾಲಕ ಹುದ್ದೆಗೆ ಅರ್ಜಿ ಕರೆದ ಪ್ರಕಟಣೆ ಓದಿದರೆ ವರಾನ್ವೇಷಣೆಯ ಜಾಹೀರಾತಿನ ಹಾಗಿದೆ: 24 ವರ್ಷ ತುಂಬಿರಬೇಕು, ಎತ್ತರ 163 ಸೆಂಟಿಮೀಟರ್, ಎಸ್ಸೆಸ್ಸೆಲ್ಸಿ ಪಾಸು, ಹೆವಿ ಲೈಸೆನ್ಸ್ ಆಗಿ 2 ವರ್ಷ, ಜೊತೆಗೆ ಬ್ಯಾಡ್ಜು. ಸಾರಿಗೆ ವಾಹನದ ಲೈಸೆನ್ಸಿಗೆ 8ನೇ ತರಗತಿ ಓದಿರಬೇಕೆಂಬ ನಿಯಮವನ್ನು ಕೇಂದ್ರ ಸರ್ಕಾರ 2019ರಲ್ಲಿ ತೆಗೆದುಹಾಕಿತು. ನಿಗಮ ಮಾತ್ರ ಎಸ್ಸೆಸ್ಸೆಲ್ಸಿ ಕೇಳುತ್ತದೆ. ಘಟ್ಟದ ತಿರುವಿಗೆ ಬೀಜಗಣಿತ ಬೇಕಿಲ್ಲ ನಿಜ. ಆದರೆ ಚಾಲಕನೇ ನಿರ್ವಾಹಕನೂ ಆಗುವ ಹುದ್ದೆಯಲ್ಲಿ ಚಿಲ್ಲರೆಯ ಲೆಕ್ಕ ಬೇಕೇ ಬೇಕು. ಹಾಸನ ಮತ್ತು ಹುಮನಾಬಾದಿನಲ್ಲಿ ಕಂಪ್ಯೂಟರ್ ಹಿಡಿತದ ಟ್ರ್ಯಾಕುಗಳಿವೆ. ಅಲ್ಲಿ ಗೆರೆ ಮುಟ್ಟಿದರೆ ಯಂತ್ರವೇ ಅಂಕ ಕಳೆಯುತ್ತದೆ, ಯಾರ ಶಿಫಾರಸೂ ನಡೆಯುವುದಿಲ್ಲ. 1948ರ ಸೆಪ್ಟೆಂಬರ್ 12ರಂದು ಮೈಸೂರು ಸರ್ಕಾರ 120 ಬಸ್ಸುಗಳೊಡನೆ ಸಾರಿಗೆ ಇಲಾಖೆ ಶುರು ಮಾಡಿದಾಗ ಈ ಸೌಕರ್ಯವೆಲ್ಲಿತ್ತು? ಆಗ ಹೆಂಗಸರು ಡ್ರೈವರನ ಸೀಟಿನಲ್ಲಿ ಕೂರುತ್ತಾರೆಂದೂ ಯಾರೂ ಎಣಿಸಿರಲಿಕ್ಕಿಲ್ಲ. ಪಕ್ಕದ ತಮಿಳುನಾಡಿನಲ್ಲಿ, ಕನ್ಯಾಕುಮಾರಿ ಕಡೆಯ ವಸಂತಕುಮಾರಿ ಎಂಬವರು 1993ರಲ್ಲೇ ಸರ್ಕಾರಿ ಬಸ್ಸಿನ ಸ್ಟೇರಿಂಗ್ ಹಿಡಿದರು.

ಆದರೂ ಈ ವೃತ್ತಿಗೆ ಹೆಸರು ಕಡಿಮೆ. ಬೆಂಗಳೂರಿನ ಸಿಟಿ ಬಸ್ಸಿನಲ್ಲಿ ಟಿಕೆಟ್ ಹರಿಯುತ್ತಿದ್ದ ಶಿವಾಜಿ ರಾವ್ ಎಂಬ ಕಂಡಕ್ಟರು ರಜನಿಕಾಂತ್ ಆದದ್ದು ಲೋಕಕ್ಕೆಲ್ಲ ಗೊತ್ತು. ಅದೇ ಬಸ್ಸನ್ನು ಓಡಿಸುತ್ತಿದ್ದ, ಗೆಳೆಯನನ್ನು ಮದ್ರಾಸಿಗೆ ಹೋಗೆಂದು ಹುರಿದುಂಬಿಸಿ ದುಡ್ಡನ್ನೂ ಕಳಿಸಿದ ಡ್ರೈವರು ರಾಜ್ ಬಹಾದ್ದೂರ್ ಎಷ್ಟು ಜನಕ್ಕೆ ಗೊತ್ತು? ಡ್ರೈವರನ ಬೆನ್ನನ್ನಷ್ಟೇ ನಾವು ನೋಡಿರುತ್ತೇವೆ. ಅಪಘಾತವಿಲ್ಲದೆ 5 ವರ್ಷ ಓಡಿಸಿದರೆ ಕೆಎಸ್‌ಆರ್‌ಟಿಸಿ ಬೆಳ್ಳಿ ಪದಕ ಕೊಡುತ್ತದೆ, 15 ವರ್ಷಕ್ಕೆ ಚಿನ್ನದ್ದು. ಏನೂ ಆಗದೆ ಇದ್ದದ್ದಕ್ಕೆ ಕೊಡುವ ಪದಕ ಇದು. ಡ್ರೈವರಣ್ಣನಿಗೆ ಬೆಳ್ಳಿಯದು ಬಂದಿದೆ. ಅವರ ಹೆಂಡತಿ ಅದನ್ನು ದೇವರ ಪೆಟ್ಟಿಗೆಯಲ್ಲಿ ಇಟ್ಟಿದ್ದಾರೆ, ಏಕೆಂದರೆ ಮನೆಯಲ್ಲಿ ಬೀಗವಿರುವುದು ಅದೊಂದಕ್ಕೇ.

ಕಾಯ್ದೆಯನ್ನು ಮತ್ತೆ ತಿದ್ದುವವರಲ್ಲಿ ನನ್ನದೊಂದು ಅರ್ಜಿ. ಹೆವಿ ಪರೀಕ್ಷೆಯ ದಿನ ಗಾಡಿಯನ್ನು ಖಾಲಿ ಬಿಡಬೇಡಿ. ಐವತ್ತು ಜನರನ್ನು ಕೂರಿಸಿ, ಹತ್ತು ಜನರನ್ನು ನಿಲ್ಲಿಸಿ. ಒಂದು ಅಳುವ ಮಗು, ಗೇಟಿನ ಮುಂದೆ ಇಳಿಯುವ ಒಬ್ಬ ಅಜ್ಜಿ, ಎಂಜಿನ್ ಪಕ್ಕದ ಸೀಟಿಗೆ ಒಬ್ಬ ಸಲಹೆಗಾರ ಇರಲಿ. ಆಮೇಲೆ ಏರಿನಲ್ಲಿ ನಿಲ್ಲಿಸಿ ಎತ್ತಲು ಹೇಳಿ. ಸಲಹೆಗಾರ ಎಲ್ಲಿ ಸಿಗುತ್ತಾನೆಂದು ಹುಡುಕಬೇಕಿಲ್ಲ. ಭತ್ಯೆ ಬೇಡ, ಹೋಗಿಬರುವ ಟಿಕೆಟ್ಟಿನ ದುಡ್ಡು ಕೊಟ್ಟರೆ ನಾನೇ ಬರುತ್ತೇನೆ. ನನ್ನ ಹೆಂಡತಿಗಂತೂ ಅದೂ ಬೇಡ.