ಬೈಕಿನ ಬೆಲೆ ಮತ್ತು ಅದರ ಬಾಲ

ಅಂಗಡಿಯ ಹುಡುಗ ಬೈಕಿನ ಬೆಲೆ ಹೇಳಿದಾಗ ಪೂರ್ತಿ ನಂಬಿದೆ. ಒಂದು ಲಕ್ಷದ ಹತ್ತು ಸಾವಿರ. ‘ಇದು ಎಕ್ಸ್ ಶೋರೂಮ್ ಸಾರ್’ ಎಂದು ಮೆಲ್ಲಗೆ ಸೇರಿಸಿದ. ಅಂದರೆ ಬೈಕು ಶೋರೂಮಿನ ಒಳಗೇ ನಿಂತಿದ್ದರೆ ಆ ಬೆಲೆ. ರಸ್ತೆಗಿಳಿಯುವ ಚಪಲವಿದ್ದರೆ ಲೆಕ್ಕವೇ ಬೇರೆ.

ಕರ್ನಾಟಕದಲ್ಲಿ ಜೀವಿತಾವಧಿ ತೆರಿಗೆ ಎಂಬುದೊಂದಿದೆ. ಬೆಲೆ ಐವತ್ತು ಸಾವಿರದೊಳಗಿದ್ದರೆ ಶೇ. 10, ಲಕ್ಷದವರೆಗೆ 12, ಲಕ್ಷ ದಾಟಿದರೆ 18. ನನ್ನ ಬೈಕು ಆ ಗೆರೆಯನ್ನು ಜಿಗಿದು ನೇರವಾಗಿ 19,800 ರೂಪಾಯಿಯ ಗುಂಡಿಗೆ ಬಿತ್ತು. ಆ ತೆರಿಗೆಯ ಮೇಲೂ ಶೇ. 11 ಸೆಸ್ಸು! ಹೋಳಿಗೆಯ ಮೇಲೆ ತುಪ್ಪ ಸುರಿದ ಹಾಗೆ; ತಿನ್ನುವವರು ಮಾತ್ರ ನಾವಲ್ಲ. ಅಂದಹಾಗೆ, ಈ ಜೀವಿತಾವಧಿ ಯಾರದ್ದು? ಆರ್‌ಸಿಯ ಆಯುಸ್ಸು 15 ವರ್ಷ.

ಅಸಲಿ ನೋಂದಣಿ ಶುಲ್ಕ ಎಷ್ಟು ಗೊತ್ತೇ? 300 ರೂಪಾಯಿ. ಮದುವೆ ಖರ್ಚಿನಲ್ಲಿ ತಾಳಿಯ ಅರಿಶಿನ ದಾರದಷ್ಟು. ಹೊಸ ಬೈಕಿಗೆ ಐದು ವರ್ಷದ ಥರ್ಡ್ ಪಾರ್ಟಿ ವಿಮೆ 2018ರಿಂದ ಕಡ್ಡಾಯ, ಸರಿ. ಆದರೆ ಸಾಲ ಕೊಟ್ಟ ಬ್ಯಾಂಕಿನ ಹೆಸರನ್ನು ಆರ್‌ಸಿಯಲ್ಲಿ ಬರೆಸಲು 500! ನನ್ನ ಗಾಡಿಗೆ ಇನ್ನೊಬ್ಬರ ಹೆಸರು, ದುಡ್ಡು ನನ್ನದು.

ಚೀಟಿಯ ತುದಿಯಲ್ಲಿ ‘ಹ್ಯಾಂಡ್ಲಿಂಗ್ ಚಾರ್ಜ್’ ಎಂಬ ಸಾಲಿತ್ತು. ಏನಪ್ಪಾ ಇದು ಎಂದೆ. ‘ಎಲ್ರೂ ಕೊಡ್ತಾರೆ ಸಾರ್’ ಎಂದ. ಹಾಗಾದರೆ ಇದಕ್ಕೆ ಬೇರೆ ರಸೀದಿ ಕೊಡು ಎಂದೆ. ಒಳಗೆ ಹೋಗಿ ಬಂದವನು ಆ ಸಾಲನ್ನು ಪೆನ್ನಿನಲ್ಲಿ ಹೊಡೆದುಹಾಕಿದ. ನೀವೂ ಒಮ್ಮೆ ರಸೀದಿ ಕೇಳಿ ನೋಡಿ.