ಸ್ವಂತ ಉಪಯೋಗದ ಸಾವ್ಕಾರ್ರು

ದಾವಣಗೆರೆಯ ಹದಡಿ ರಸ್ತೆಯಲ್ಲಿ ಮಳಿಗೆ ಹಿಡಿದವರಿಗೆ ಮಾಲೀಕರು 'ಬಾಡಿಗೆ ಜಾಸ್ತಿ ಮಾಡ್ರಿ' ಅಂದರೆ ಭಯವಿಲ್ಲ, ಚೌಕಾಸಿಗೆ ದಾರಿಯಿದೆ. 'ನಿಮ್ ಯಾಪಾರ ಚಲೋ ನಡದೈತಲ್ರೀ' ಅಂದರು ಅಂದರೆ ಮಾತ್ರ ಗಂಟುಮೂಟೆ ಕಟ್ಟಲು ಶುರುಮಾಡಬೇಕು.

ಹಾಗನ್ನುವ ಸಾವ್ಕಾರ್ರು ಕೆಟ್ಟವರಲ್ಲ. ಹದಡಿ ಕಡೆ ಭದ್ರಾ ನಾಲೆಯ ಗದ್ದೆ ಇದೆ, ಪ್ಯಾಟೆಯಲ್ಲಿ ಸಾಲು ಮಳಿಗೆಗಳಿವೆ. ತಿಂಗಳ ಮೊದಲ ವಾರ ಬೈಕ್ ನಿಲ್ಲಿಸಿ, ಬಾಡಿಗೆದಾರನ ಸ್ಟೂಲ್ ಮೇಲೆ ಕೂತು, ಅವನದೇ ಚಹಾ ಕುಡಿಯುತ್ತಾ ಅವನ ಗಿರಾಕಿಗಳನ್ನು ಎಣಿಸುತ್ತಾರೆ. ಇಷ್ಟು ಜನ, ತಲೆಗೆ ಎರಡು ಬೆಣ್ಣೆ ದೋಸೆ, ತಿಂಗಳಿಗೆ ಮೂವತ್ತು ದಿನ. ಗುಣಾಕಾರದಲ್ಲಿ ಸಾವ್ಕಾರ್ರನ್ನು ಮೀರಿಸುವವರಿಲ್ಲ. ಬೆಣ್ಣೆ, ಸೌದೆ, ಆಳಿನ ಕೂಲಿ ಕಳೆಯುವ ಲೆಕ್ಕ ಮಾತ್ರ ಅವರಿಗೆ ಯಾವ ಮೇಷ್ಟ್ರೂ ಕಲಿಸಿಲ್ಲ.

ಮುಂದಿನ ತಿಂಗಳು ಚಹಾ ಬೇಡ ಅನ್ನುತ್ತಾರೆ. 'ತಪ್ಪು ತಿಳ್ಕಾಬ್ಯಾಡ್ರಿ, ಮಳಿಗೆ ಸ್ವಂತ ಉಪಯೋಗಕ್ಕೆ ಬೇಕಾಗೇತಿ. ನಮ್ ಹುಡುಗಂಗೆ ಒಂದು ದಾರಿ ಮಾಡ್ಬೇಕಲ್ಲ?' ಬಿ.ಇ. ಮುಗಿಸಿದ ಹುಡುಗ ಆ ಹೊತ್ತಿಗೆ ಮನೆಯಲ್ಲಿ ಮಲಗಿರುತ್ತಾನೆ. ತಾನು ಹೋಟ್ಲು ಇಡುವ ಸುದ್ದಿ ಅವನಿಗಿನ್ನೂ ಮುಟ್ಟಿಲ್ಲ.

ಬಾಡಿಗೆದಾರ ವಕೀಲರ ಹತ್ತಿರ ಓಡುತ್ತಾನೆ. 1999ರ ಕರ್ನಾಟಕ ಬಾಡಿಗೆ ಕಾಯ್ದೆ ಇದೆ, ಸುಲಭಕ್ಕೆ ಎಬ್ಬಿಸಲು ಬರುವುದಿಲ್ಲ ಅನ್ನುವ ಧೈರ್ಯ. ವಕೀಲರು ಅಳತೆ ಕೇಳುತ್ತಾರೆ. 14 ಚದರ ಮೀಟರ್, ಅಂದರೆ ಸುಮಾರು 150 ಚದರ ಅಡಿ ದಾಟಿದ ಅಂಗಡಿಗೆ ಆ ಕಾಯ್ದೆಯ ನೆರಳಿಲ್ಲ. ಹತ್ತಕ್ಕೆ ಹದಿನೈದು ಅಡಿಯಾಗಿದ್ದರೆ ಒಳಗೆ ಬರುತ್ತಿತ್ತು. ಸಾವ್ಕಾರ್ರು ಕಟ್ಟಿಸುವಾಗಲೇ ಒಂದಡಿ ಮುಂದೆ ಎಳೆಸಿದ್ದಾರೆ. ಮುನಿಸಿಪಾಲ್ಟಿಯವರು ಚರಂಡಿಗೆ ಅಡ್ಡ ಅಂತ ಬೈದರೂ ಜಗ್ಗದಿದ್ದ ಒಂದಡಿ ಅದು! ಹೊರಗೆ ಬಿದ್ದವನಿಗೆ 1882ರ ಸ್ವತ್ತು ವರ್ಗಾವಣೆ ಕಾಯ್ದೆಯೇ ಗತಿ: ತಿಂಗಳ ಬಾಡಿಗೆಯಾದರೆ ಹದಿನೈದು ದಿನದ ನೋಟಿಸು ಸಾಕು. ಕರಾರು ಪತ್ರವೋ ಹನ್ನೊಂದು ತಿಂಗಳದ್ದು, ವರ್ಷ ದಾಟಿದರೆ ನೋಂದಣಿ ಖರ್ಚು ಅಂತ ಅವನೇ ಖುಷಿಯಿಂದ ಸಹಿ ಹಾಕಿದ್ದು.

ಮಳಿಗೆ ಖಾಲಿಯಾಗುತ್ತದೆ. ಬಾಳೆಕಂದು, ತೋರಣ, ಪೂಜೆ. ಮೊದಲ ದಿನ ನೆಂಟರೆಲ್ಲ ಹೊಟ್ಟೆತುಂಬ ಉಂಡು ಆಶೀರ್ವಾದ ಮಾಡುತ್ತಾರೆ. ಎರಡನೇ ದಿನದಿಂದ ಗಲ್ಲಾ ಮೇಲೆ ಸಾವ್ಕಾರ್ರು. 'ಯಾವೂರ್ರೀ?' ಅನ್ನದೆ ಬಿಲ್ ಹಿಡಿಯುವುದಿಲ್ಲ. ಹದಡಿ ಅಂದವರ ಹತ್ತಿರ ಹೆಂಗೆ ದುಡ್ಡು ಇಸ್ಕೊಳ್ಳೋದು? ಲೋಕಿಕೆರೆ ಅಂದರೆ ಸೊಸೆಯ ತವರ ಕಡೆ. ಮುಂಜಾನೆ ಐದಕ್ಕೆ ಒಲೆ ಹಚ್ಚಬೇಕಾದ ಹುಡುಗ ಹತ್ತಕ್ಕೆ ಬಂದು ಪಲ್ಯ ಸೀದಿದೆ ಅನ್ನುತ್ತಾನೆ. ಅಡ್ವಾನ್ಸ್ ತಗೊಂಡ ಭಟ್ಟರು ಊರಿಗೆ ಹೋದವರು ತಿರುಗಿ ಬರುವುದಿಲ್ಲ. ಹುಡುಗನೂ ಒಂದು ದಿನ ಬೆಂಗಳೂರು ಬಸ್ ಹತ್ತುತ್ತಾನೆ.

ಶಟರ್ ಮೇಲೆ 'ಮಳಿಗೆ ಬಾಡಿಗೆಗೆ ಇದೆ' ಎಂಬ ಬೋರ್ಡು. ಬಾಡಿಗೆ ಮೊದಲಿಗಿಂತ ಜಾಸ್ತಿ, ಯಾಕೆಂದರೆ ಇದೀಗ 'ನಡೆಯುತ್ತಿದ್ದ ಹೋಟ್ಲು'. ಕೂತಲ್ಲೇ ರೊಕ್ಕ ಬರುವ ಒಂದೇ ದಂಧೆ ಬಾಡಿಗೆ. ಸಾವ್ಕಾರ್ರ ಲೆಕ್ಕದಲ್ಲಿ ದಂಧೆಯೇ ಅಲ್ಲದ್ದೂ ಅದೊಂದೇ.

ಎಬ್ಬಿಸಿಕೊಂಡ ಬಾಡಿಗೆದಾರ ರಸ್ತೆಯ ಆಚೆ ಬದಿ ಒಲೆ ಹೂಡಿದ್ದಾನೆ, ಹಳೇ ಗಿರಾಕಿಗಳೂ ದಾಟಿದ್ದಾರೆ. ಸಾವ್ಕಾರ್ರೂ ದಿನಾ ಅಲ್ಲೇ ದೋಸೆ ತಿನ್ನುತ್ತಾರೆ, ದುಡ್ಡು ಕೊಟ್ಟೇ ಏಳುತ್ತಾರೆ, ಒಂದಿಷ್ಟೂ ಹಗೆಯಿಲ್ಲ. ಮೊನ್ನೆ ಆ ಕಟ್ಟಡದ ಮಾಲೀಕರು ಬಾಡಿಗೆಗೆ ಬಂದಾಗ ಪಕ್ಕಕ್ಕೆ ಕರೆದು ಹೇಳಿದರು: 'ಏನ್ ಗಿರಾಕಿ ನೋಡ್ರಿ! ನೀವೇ ಯಾಕ್ ಒಂದು ಹೋಟ್ಲು ಹಾಕಬಾರ್ದು?'